ಎರಡು ಬೆರಳಿನ ಸಾಕ್ಷಿ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಕಿಟ್ವೆಯ ಪೇಟೆಬೀದಿಯಲ್ಲಿ ಜಕರಾಂಡ ಮರಗಳ ಕೆಳಗೆ ಪತ್ರಿಕೆ ಮಾರುವವರು ಕಟ್ಟು ಬಿಚ್ಚುತ್ತಿದ್ದಾರೆ. ಜೂನ್ ತಿಂಗಳ ಚಳಿ, ಎಲ್ಲರೂ ಕಿವಿ ಮುಚ್ಚಿಕೊಂಡಿದ್ದಾರೆ. ಪತ್ರಿಕಾ ಕಚೇರಿಯ ಪಕ್ಕದ ಗಲ್ಲಿಗೆ ತೆರೆಯುವ ಸಣ್ಣ ಕಿಟಕಿಯ ಮುಂದೆ ಆಗಲೇ ಮೂವರು ನಿಂತಿದ್ದಾರೆ. ಅವರು ಒಬ್ಬರ ಮುಖ ಒಬ್ಬರು ನೋಡುತ್ತಿಲ್ಲ. ಮೈಯಿಂದ ಸೌದೆ ಹೊಗೆಯ ವಾಸನೆ ಬರುತ್ತಿದೆ. ಸಾವಿನ ಮನೆಯ ಅಂಗಳದಲ್ಲಿ ಬೆಂಕಿಯ ಸುತ್ತ ಕೂತಿದ್ದವರು ನೆಟ್ಟಗೆ ಇಲ್ಲಿಗೇ ಬಂದಿದ್ದಾರೆ.

ಕಿಟಕಿಯ ಒಳಗೆ ಎಕ್ಸಿಲ್ಡಾ ಕಬಾಸೊ ದೀಪ ಹಾಕುತ್ತಾರೆ. ಅರವತ್ತರ ಹತ್ತಿರದ ವಯಸ್ಸು. ತಲೆಗೆ ಉಣ್ಣೆ ಟೊಪ್ಪಿ, ಮೈಗೆ ತೀರಿಹೋದ ಗಂಡನ ಗಣಿ ಕೋಟು, ಸೊಂಟಕ್ಕೆ ಸುತ್ತಿದ ಚಿತೆಂಗೆ ಬಟ್ಟೆ. ಊರಿಗೆಲ್ಲ ಅವರು ಬಾನಾ ಚಿಶ, ಅಂದರೆ ಚಿಶಳ ಅಮ್ಮ. ಬಂದವರಿಗೆ ಏನು ಬೇಕು ಎಂದು ಅವರು ಕೇಳುವುದಿಲ್ಲ. ಫ್ಲಾಸ್ಕಿನಿಂದ ಟೀ ಬಗ್ಗಿಸಿ, ಮುಚ್ಚಳದಲ್ಲೇ ಹೊರಗೆ ಚಾಚುತ್ತಾರೆ.

"ಜಾಹೀರಾತು ಕೊಡೋಕೆ ಬರೋರ ಮೈಯಿಂದ ಸೋಪಿನ ವಾಸನೆ ಬರತ್ತೆ, ಇವರ ಮೈಯಿಂದ ಹೊಗೆ ವಾಸನೆ" ಎನ್ನುತ್ತಾರೆ ನನ್ನ ಕಡೆ ತಿರುಗಿ. "ಕೇಳೋದೇನಿದೆ? ಮೊದಲು ಟೀ ಕುಡೀಲಿ. ಹೋದವರಿಗೆ ಅವಸರ ಇಲ್ಲ, ನನಗೂ ಇಲ್ಲ. ಅವಸರ ಇರೋದು ಲುಸಾಕಾದವರಿಗೆ."

ಲುಸಾಕಾದ ಮುಖ್ಯ ಕಚೇರಿಯವರ ಅವಸರ ಎಂದರೆ ಬೆಳಗಿನ ಹತ್ತು ಗಂಟೆ. ಅಷ್ಟರೊಳಗೆ ಗಣಿಗಳ ಸೀಮೆಯಾದ ಈ ತಾಮ್ರಪಟ್ಟಿಯ ಊರುಗಳಲ್ಲಿ ಸತ್ತವರ ಹೆಸರು, ಮುಖ, ಮಣ್ಣು ಮಾಡುವ ಹೊತ್ತು ಎಲ್ಲವೂ ಇಲ್ಲಿಂದ ಹೊರಡಬೇಕು. ಮಾರನೆಯ ದಿನದ ಪತ್ರಿಕೆಯ ಹಿಂಬದಿಯ ಪುಟಗಳಲ್ಲಿ ಅವು ಬರುತ್ತವೆ. ನಮ್ಮೂರಲ್ಲಿ ಪತ್ರಿಕೆಯನ್ನು ಹಿಂದಿನಿಂದಲೇ ಓದುವುದು. ಮಂತ್ರಿ ಏನು ಅಂದ, ತಾಮ್ರದ ಬೆಲೆ ಎಷ್ಟಾಯಿತು ಎನ್ನುವುದೆಲ್ಲ ಆಮೇಲೆ. ಮೊದಲು ಯಾರು ಹೋದರು ಎಂದು ನೋಡಬೇಕು. ಇಪ್ಪತ್ತು ವರ್ಷದಿಂದ ಮುಂದಿನ ಪುಟಗಳಿಗೆ ಬರೆದು ಬೆರಳು ಸವೆಸಿಕೊಂಡವನು ನಾನು. ನನ್ನ ಬರಹ ಓದಿದ್ದೇನೆ ಎನ್ನುವವರು ಸಿಕ್ಕರೆ ಹಿಡಿದು ಕೂರಿಸಿ ಊಟ ಹಾಕಬೇಕು ಅನ್ನಿಸುತ್ತದೆ. ಬಾನಾ ಚಿಶ ಅವರ ಪುಟವನ್ನು ಮಾತ್ರ ಓದು ಬಾರದವರೂ ಬಿಡಿಸಿ ನೋಡುತ್ತಾರೆ. ಅಲ್ಲಿ ಅವರ ಹೆಸರು ಎಲ್ಲೂ ಇರುವುದಿಲ್ಲ.

ಕೆಲಸ ಹೇಳಿದರೆ ಸಣ್ಣದು. ಸತ್ತವರ ಒಂಟಿ ಫೋಟೊ ಯಾರ ಮನೆಯಲ್ಲೂ ಇರುವುದಿಲ್ಲ. ಮದುವೆಯದು, ಚರ್ಚಿನ ಹಾಡುಗಾರರದು, ಗಣಿಯ ಫುಟ್‌ಬಾಲ್ ತಂಡದ್ದು, ಹೀಗೆ ಗುಂಪಿನ ಫೋಟೊ ತರುತ್ತಾರೆ. ಆ ಗುಂಪಿನಿಂದ ಒಬ್ಬರನ್ನು ಬಿಡಿಸಿ ತೆಗೆಯಬೇಕು. ಬಾನಾ ಚಿಶ ಬಳಿ ಒಂದು ಕಪ್ಪು ರಟ್ಟಿದೆ, ನಡುವೆ ಬೆಂಕಿಪೊಟ್ಟಣದಷ್ಟು ಕಿಂಡಿ ಕೊರೆದಿದ್ದಾರೆ. ಅದನ್ನು ಫೋಟೊ ಮೇಲಿಟ್ಟು ಸರಿಸಿದರೆ ಉಳಿದವರೆಲ್ಲ ಮರೆಯಾಗಿ ಒಂದೇ ಮುಖ ಉಳಿಯುತ್ತದೆ. ಕಂಪ್ಯೂಟರು ಬಂದಮೇಲೂ ಆ ರಟ್ಟನ್ನು ಅವರು ಬಿಟ್ಟಿಲ್ಲ.

ಇವತ್ತು ಬಂದವರು ಒಬ್ಬ ದರ್ಜಿಯ ಮನೆಯವರು. ಫೋಟೊದಲ್ಲಿ ಮದುವೆ ಬಟ್ಟೆ ತೊಟ್ಟ ಹತ್ತಾರು ಜನ. ಸತ್ತವನ ತಾಯಿಯ ಕಡೆಯ ಮಾವ ಮುಂದೆ ಬಂದು ಒಂದು ಮುಖದ ಮೇಲೆ ಬೆರಳಿಡುತ್ತಾನೆ. ಬಾನಾ ಚಿಶ ತಲೆಯಾಡಿಸಿ, ಅವನನ್ನು ಗಲ್ಲಿಯ ತುದಿಗೆ ಹೋಗಿ ನಿಲ್ಲಲು ಹೇಳುತ್ತಾರೆ. ಫೋಟೊವನ್ನು ತಲೆಕೆಳಗು ಮಾಡಿ ಮತ್ತೆ ನೆಟ್ಟಗಿಟ್ಟು, ತಂದೆಯ ಕಡೆಯ ಅತ್ತೆಯನ್ನು ಕರೆಯುತ್ತಾರೆ. ಆಕೆಯೂ ಅದೇ ಮುಖದ ಮೇಲೆ ಬೆರಳಿಟ್ಟಮೇಲೆಯೇ ರಟ್ಟು ಕೆಳಗಿಳಿಯುವುದು. ಫೋಟೊದಲ್ಲಿ ಇರುವವರು ಸಾಕ್ಷಿ ಹೇಳುವ ಹಾಗಿಲ್ಲ. ಎರಡು ಬೆರಳು ಕೂಡದಿದ್ದರೆ ಸತ್ತವರು ದೊಡ್ಡ ಗಣಿ ಅಧಿಕಾರಿಯಾದರೂ ಮುಖ ಲುಸಾಕಾಕ್ಕೆ ಹೋಗುವುದಿಲ್ಲ.

ಕೇಳುವವರಿಗೆ ಇದು ಅತಿಯಾಯಿತು ಅನ್ನಿಸಬಹುದು, ನನಗೂ ಮೊದಲು ಹಾಗೇ ಅನ್ನಿಸಿತ್ತು. ಈ ಕಟ್ಟುಪಾಡು ಅವರಿಗೆ ಕಚೇರಿ ಕೊಟ್ಟದ್ದಲ್ಲ. ಚಾಂಬೋಲಿ ಬಡಾವಣೆಯ ಒಬ್ಬ ತಾಯಿಯ ಮನೆ ಬಾಗಿಲಲ್ಲಿ ಕಲಿತು ಬಂದದ್ದು.

ಹನ್ನೊಂದು ವರ್ಷದ ಹಿಂದಿನ ಮಾತು. ಕೆಡ್ರಿಕ್ ಕಫ್ವಿಂಬಿ ಎಂಬ ಗಣಿ ಕೆಲಸಗಾರ ಎದೆ ಕಾಯಿಲೆಯಿಂದ ತೀರಿಕೊಂಡ. ಅವರು ಬೆಂಬಾ ಜನ. ನಮ್ಮಲ್ಲಿ ಬೆಂಬಾದವರಿಗೂ ಅಂಗೋನಿಗಳಿಗೂ ಅಜ್ಜಂದಿರ ಕಾಲದ ಯುದ್ಧವಿತ್ತು. ಆ ಯುದ್ಧ ಮುಗಿದು ಉಳಿದದ್ದು ಗೇಲಿಯ ನಂಟು. ಬೆಂಬಾದವರು ಅಂಗೋನಿಗಳನ್ನು ಇಲಿ ತಿನ್ನೋರು ಎನ್ನುತ್ತಾರೆ, ಅವರು ಇವರನ್ನು ಕೋತಿ ತಿನ್ನೋರು ಎನ್ನುತ್ತಾರೆ, ಯಾರೂ ಕೋಪಿಸಿಕೊಳ್ಳುವಂತಿಲ್ಲ. ಬೆಂಬಾದವನು ಸತ್ತರೆ ಅಂಗೋನಿ ನೆಂಟರೇ ಬಂದು ಸೌದೆ ಒಡೆದು, ಅಡುಗೆ ಮಾಡಿ, ಗುಂಡಿ ತೋಡಿ, ಅಳುವವರ ನಡುವೆ ನಿಂತು ನಗಿಸಬೇಕು. ಹೆಣದ ಚಪ್ಪಲಿ ಕದ್ದು ಹಾಕಿಕೊಂಡು ಓಡಾಡಿದರೂ ಅದು ಸಲ್ಲುತ್ತದೆ. ಗೇಲಿ ನೆಂಟ ಆಡಿದ ಮೊದಲ ಮಾತನ್ನು ನಂಬಬಾರದು ಎನ್ನುವುದನ್ನು ಬೆಂಬಾ ಮಕ್ಕಳು ಎದೆಹಾಲಿನ ಜೊತೆಗೇ ಕಲಿಯುತ್ತವೆ.

ಆ ದಿನ ಫೋಟೊ ಹಿಡಿದು ಈ ಕಿಟಕಿಗೆ ಬಂದವನು ಅಂಥ ಗೇಲಿ ನೆಂಟ, ಜೇರೆ. ಕೆಡ್ರಿಕ್ ಜೊತೆ ಗಣಿಯಲ್ಲಿ ದುಡಿದವನು. ಫೋಟೊದಲ್ಲಿ ಕೆಡ್ರಿಕ್ ಮತ್ತು ತಮ್ಮ ಬೋನಿಫೇಸ್ ಒಂದೇ ಬಣ್ಣದ ಸೂಟು ತೊಟ್ಟು ಹೆಗಲಿಗೆ ಹೆಗಲು ಕೊಟ್ಟು ನಿಂತಿದ್ದರು. ಯಾರು ಎಂದು ಕಿಟಕಿಯೊಳಗಿನ ಹೆಂಗಸು ಕೇಳಿದಾಗ, ಜೇರೆ ಅವಳ ಎದೆಯ ಮೇಲಿನ ಹೆಸರಿನ ಬಿಲ್ಲೆ ನೋಡಿದ. ಕಬಾಸೊ, ಬೆಂಬಾ ಹೆಸರು. ಬಾಯಿ ಸುಮ್ಮನಿರಲಿಲ್ಲ. ಬದುಕಿದ್ದ ತಮ್ಮನ ಮೇಲೆ ಬೆರಳಿಟ್ಟು, "ಇಬ್ಬರಲ್ಲಿ ಚೆಲುವ ಇವನೇ, ಇವನನ್ನೇ ಹಾಕಿ" ಅಂದ. ಅವಳು ನಕ್ಕು, ಏ ಇಲಿ ತಿನ್ನೋನೇ, ನಿಜ ಹೇಳು ಎನ್ನುತ್ತಾಳೆ ಎಂದು ಕಾದ.

ಅವಳು ನಗಲಿಲ್ಲ. ಕಬಾಸೊ ಎನ್ನುವುದು ಗಂಡನ ಹೆಸರು. ಎಕ್ಸಿಲ್ಡಾ ಹುಟ್ಟಿದ್ದು ಕಾಸೆಂಪ ಕಡೆಯ ಕಾವೊಂಡೆ ಜನರಲ್ಲಿ. ಅವರಿಗೂ ಅಂಗೋನಿಗಳಿಗೂ ಯುದ್ಧವೂ ಆಗಿರಲಿಲ್ಲ, ಗೇಲಿಯೂ ಬೆಳೆದಿರಲಿಲ್ಲ. ಸಾವಿನ ಮನೆಯಿಂದ ಬಂದ ಗಂಡಸು ಬೆರಳಿಟ್ಟು ತೋರಿಸಿದರೆ ಅವರ ಊರಲ್ಲಿ ಅದು ಸತ್ಯವೇ. ಹಿಂದೆ ಜನ ನೂಕುತ್ತಿದ್ದರು. ಎಕ್ಸಿಲ್ಡಾ ಆ ಒಂದು ಮುಖವನ್ನು ಬಿಡಿಸಿಕೊಂಡು, ಫೋಟೊ ಹಿಂದಿರುಗಿಸಿ ಮುಂದಿನವರನ್ನು ಕರೆದುಬಿಟ್ಟರು. ಜೇರೆಗೆ ತನ್ನ ಮಾತು ನೆಲಕ್ಕೆ ಬಿದ್ದದ್ದು ತಿಳಿಯಲಿಲ್ಲ. ಬೆಂಬಾ ಹೆಂಗಸು, ಅರ್ಥ ಮಾಡಿಕೊಂಡಿರುತ್ತಾಳೆ ಎಂದುಕೊಂಡು ಗುಂಡಿ ತೋಡಲು ಹೋದ.

ಮರುದಿನದ ಪತ್ರಿಕೆಯಲ್ಲಿ ಕೆಡ್ರಿಕ್ ಹೆಸರಿನ ಮೇಲೆ ಬೋನಿಫೇಸ್ ನಗುತ್ತಿದ್ದ. ಹೆಸರು ಓದದೆ ಮುಖವನ್ನಷ್ಟೇ ಕಂಡು ಚಿಂಗೋಲದಿಂದ ಅವನ ಹೆಂಡತಿಯ ಕಡೆಯವರು ಎದೆ ಬಡಿದುಕೊಂಡು ಬಂದಿಳಿದರು. ಅವನೇ ಬಾಗಿಲಲ್ಲಿ ನಿಂತಿದ್ದದ್ದು ಕಂಡು ಒಬ್ಬಾಕೆ ಅಲ್ಲೇ ಕುಸಿದಳು. ಗಂಡಸರು ಕೊನೆಗೆ ನಕ್ಕರು. ತಾಯಿ ನಗಲಿಲ್ಲ. ನಮ್ಮಲ್ಲಿ ಹೆಂಗಸನ್ನು ಹಿರಿಯ ಮಗುವಿನ ಹೆಸರಿಂದ ಕರೆಯುವುದು, ಆಕೆ ಬಾನಾ ಕೆಡ್ರಿಕ್. ಮಗ ಮಣ್ಣಿಗೆ ಹೋದಮೇಲೂ ನೀರಿಗೆ ಹೋದಲ್ಲಿ, ಸಂತೆಗೆ ಹೋದಲ್ಲಿ ಜನ ಆಕೆಯನ್ನು ಕೂಗುವಾಗ ಅವನನ್ನೇ ಕೂಗುತ್ತಾರೆ. ಆ ಮಗನಿಗೆ ಪತ್ರಿಕೆಯಲ್ಲಿ ಮುಖವಿಲ್ಲ, ಬದುಕಿರುವವನ ಮುಖ ಸತ್ತವರ ಪುಟಕ್ಕೆ ಹೋಗಿದೆ. ಕ್ಷಮೆ ಕೇಳಲು ಹೋದ ಎಕ್ಸಿಲ್ಡಾಗೆ ಆಕೆ ಹೇಳಿದ್ದು ಒಂದೇ ಮಾತು.

"ಒಬ್ಬ ಮಗನ್ನ ನಾನು ಮಣ್ಣಿಗೆ ಕೊಟ್ಟೆ. ಇನ್ನೊಬ್ಬನ್ನ ನೀನು ಕಾಗದಕ್ಕೆ ಕೊಟ್ಟೆ."

ಕಚೇರಿ ಎರಡು ಸಾಲಿನ ತಿದ್ದುಪಡಿ ಹಾಕಿತು. ಸರಿಯಾದ ಮುಖ ಹಾಕಲು ಫೋಟೊ ಬೇಕಿತ್ತು, ತಾಯಿ ಕೊಡಲಿಲ್ಲ. ಆ ಫೋಟೊಗೆ ಮತ್ತೆ ಆ ಕಿಟಕಿ ತೋರಿಸುವುದಿಲ್ಲ ಎಂದು ಪೆಟ್ಟಿಗೆಯ ತಳಕ್ಕೆ ಸೇರಿಸಿಬಿಟ್ಟರು. ಬೋನಿಫೇಸ್‌ಗೆ ಸಣ್ಣ ಜ್ವರ ಬಂದರೂ ಮನೆಯಲ್ಲಿ ಒಬ್ಬರ ಮುಖ ಒಬ್ಬರು ನೋಡುವುದು ಶುರುವಾಯಿತು.

ಎಕ್ಸಿಲ್ಡಾ ಕೆಲಸ ಬಿಡಬಹುದಿತ್ತು. ಆದರೆ ಗಂಡನ ಗಣಿ ಕೆಲಸ ಆಗಲೇ ಹೋಗಿತ್ತು, ಆತ ಹಾಸಿಗೆ ಹಿಡಿದಿದ್ದ, ಚಿಶ ಓದುತ್ತಿದ್ದಳು. ಬೆಳಗ್ಗೆ ಈ ಕಿಟಕಿ, ಮಧ್ಯಾಹ್ನದ ಮೇಲೆ ಚಿಸೊಕೊನೆ ಮಾರುಕಟ್ಟೆಯಲ್ಲಿ ಒಣಮೀನು ಮಾರಿ ಮನೆ ನಡೆಸಿದರು. ಗಂಡ ತೀರಿದಾಗ ಅವನ ಮುಖಕ್ಕೆ ತಾವೇ ರಟ್ಟು ಇಟ್ಟರು. ಅವತ್ತೂ ಗಂಡನ ಅಣ್ಣನನ್ನೂ ಸೋದರತ್ತೆಯನ್ನೂ ಕರೆಸಿ ಎರಡು ಬೆರಳು ಇಡಿಸಿದ್ದರಂತೆ. ನಿಮ್ಮ ಗಂಡನ ಮುಖ ನಿಮಗೆ ಗೊತ್ತಿಲ್ಲವೇ ಎಂದು ನಾನು ಬಾಯಿಜಾರಿ ಕೇಳಿದೆ. ಅವರು, ಅಳುವ ಕಣ್ಣಿಗೆ ಎಲ್ಲರೂ ಒಂದೇ ತರ ಕಾಣುತ್ತಾರೆ ಎಂದರು. ನನಗೆ ನಾಚಿಕೆಯಾಯಿತು.

ಪ್ರತಿ ವರ್ಷ ಕೆಡ್ರಿಕ್ ಸತ್ತ ದಿನ ಹತ್ತಿರ ಬಂದಾಗ ಅವರು ಚಾಂಬೋಲಿಗೆ ನಡೆದು ಹೋಗುತ್ತಾರೆ. ವರ್ಷದ ನೆನಪಿನ ಪ್ರಕಟಣೆ ಹಾಕಿಸುವುದು ನಮ್ಮಲ್ಲಿ ಇರುವ ರೂಢಿಯೇ. ಆ ನೆಪದಲ್ಲಾದರೂ ಫೋಟೊ ಸಿಕ್ಕೀತು ಎಂಬ ಆಸೆ. ಮೊದಲ ಸಲ ಬೇಲಿಯ ಆಚೆಯಿಂದಲೇ ವಾಪಸ್ಸು. ಎಷ್ಟೋ ಕಾಲದ ಮೇಲೆ ಅಂಗಳದಲ್ಲಿ ಚಾಪೆ ಹಾಸಿದರು. ಆಮೇಲೆ ಮುಂಕೋಯೊ ಕುಡಿಯಲು ಕೊಟ್ಟರು. ಇಬ್ಬರೂ ಜೋಳದ ಬೆಳೆ, ಮಂಡಿನೋವು, ನೀರು ಬಾರದ ನಲ್ಲಿ ಎಲ್ಲದರ ಬಗ್ಗೆ ಮಾತಾಡುತ್ತಾರೆ. ಫೋಟೊ ಮಾತು ಇಬ್ಬರ ಬಾಯಲ್ಲೂ ಬರುವುದಿಲ್ಲ. ತಾಯಿ ಇವರನ್ನು ಬಾನಾ ಚಿಶ ಎಂದು ಒಮ್ಮೆಯೂ ಕರೆದಿಲ್ಲ, 'ಪೇಪರಿನವಳು' ಅಷ್ಟೇ.

"ಕಾದು ಕಾದು ಸಾಕಾಯ್ತು ಅಂತಲ್ಲ" ಎನ್ನುತ್ತಾರೆ ಎಕ್ಸಿಲ್ಡಾ. "ಆಯಮ್ಮನ ಕಣ್ಣು ಮಂಜಾಗ್ತಾ ಇದೆ. ಹೋದ ವರ್ಷ ನನ್ನನ್ನ ಧ್ವನಿ ಕೇಳಿ ಗುರುತು ಹಿಡಿದ್ರು. ಪೂರ್ತಿ ಕತ್ತಲಾದ್ಮೇಲೆ ಅವರ ಮಗನ ಮುಖ ಹಾಕಿದ್ರೆ ಯಾರಿಗೆ ಹಾಕಿದ ಹಾಗಾಯ್ತು?"

ಇದನ್ನು ಅವರು ಹೇಳಿದ್ದು ಮಂಗಳವಾರ. ಗುರುವಾರ ಬೆಳಗ್ಗೆ ನಾನು ಗಲ್ಲಿಗೆ ಕಾಲಿಟ್ಟಾಗ ಕಿಟಕಿಯ ಮುಂದೆ ಮುದುಕಿಯೊಬ್ಬರು ಇಬ್ಬರು ಗಂಡಸರ ನಡುವೆ ನಿಂತಿದ್ದಾರೆ. ಅವರ ಮೈಯಲ್ಲಿ ಹೊಗೆಯ ವಾಸನೆ ಇಲ್ಲ. ಬಟ್ಟೆಯಲ್ಲಿ ಸುತ್ತಿದ ಏನನ್ನೋ ಎದೆಗೊತ್ತಿ ಹಿಡಿದಿದ್ದಾರೆ. ಒಳಗೆ ಬಾನಾ ಚಿಶ ಫ್ಲಾಸ್ಕು ಎತ್ತಿದವರು ಟೀ ಬಗ್ಗಿಸದೆ ಹಾಗೇ ನಿಂತುಬಿಟ್ಟಿದ್ದಾರೆ.

ಬಾನಾ ಕೆಡ್ರಿಕ್ ತಾವಾಗಿಯೇ ಬಂದಿದ್ದಾರೆ. ಒಂದು ಪಕ್ಕ ಬೋನಿಫೇಸ್, ನರೆತ ತಲೆ, ಗಟ್ಟಿಮುಟ್ಟಾದ ಆಳು. ಇನ್ನೊಂದು ಪಕ್ಕ ಟೊಪ್ಪಿ ಕೈಯಲ್ಲಿ ಹಿಡಿದ ಜೇರೆ. ತಾಯಿಗೆ ಇನ್ನು ಹೆಚ್ಚು ದಿನ ಕಣ್ಣು ಕಾಣುವುದಿಲ್ಲ ಎಂದು ಕಣ್ಣಾಸ್ಪತ್ರೆಯವರು ಹೇಳಿದ್ದಾರಂತೆ. ಅದನ್ನು ಬೋನಿಫೇಸ್ ತಗ್ಗಿದ ದನಿಯಲ್ಲಿ ಹೇಳುತ್ತಾನೆ. ತಾಯಿ ಬಟ್ಟೆ ಬಿಚ್ಚಿ ಫೋಟೊವನ್ನು ಕಿಟಕಿಯ ಹಲಗೆಯ ಮೇಲಿಡುತ್ತಾರೆ. ಒಂದೇ ಬಣ್ಣದ ಎರಡು ಸೂಟು, ಎರಡು ನಗು.

ಬಾನಾ ಚಿಶ ತಮ್ಮ ಕಟ್ಟುಪಾಡು ಹೇಳುತ್ತಾರೆ. ಎರಡು ಬೆರಳು ಬೇಕು, ಎರಡೂ ರಕ್ತಸಂಬಂಧಿಗಳದ್ದಾಗಬೇಕು, ಬೋನಿಫೇಸ್ ಫೋಟೊದಲ್ಲೇ ಇರುವುದರಿಂದ ಅವನದು ಆಗದು, ಗೇಲಿ ನೆಂಟರದ್ದಂತೂ ಆಗಲೇ ಆಗದು. ಜೇರೆ ನೆಲ ನೋಡುತ್ತಾನೆ. ತಾಯಿ ಮಾತ್ರ ಅಲುಗುವುದಿಲ್ಲ.

"ಒಂದು ನನ್ನದು. ಇನ್ನೊಂದು ಇವನದೇ ಆಗಬೇಕು" ಎನ್ನುತ್ತಾರೆ. "ಕೆಡಿಸಿದ ಬೆರಳೇ ಸರಿ ಮಾಡಲಿ."

ಅಷ್ಟು ವರ್ಷ ಯಾರಿಗೂ ಸಡಿಲಿಸದ ಕಟ್ಟುಪಾಡನ್ನು ಬಾನಾ ಚಿಶ ಅವತ್ತು ಸಡಿಲಿಸುತ್ತಾರೆ. ಜೇರೆಯನ್ನು ಗಲ್ಲಿಯ ತುದಿಗೆ ಕಳಿಸುತ್ತಾರೆ. ತಾಯಿ ಫೋಟೊದ ಮೇಲೆ ಬಾಗುತ್ತಾರೆ, ಮೂಗು ತಾಗುವಷ್ಟು. ಕೈಯಿಂದ ಅಂಚು ಸವರಿ, ತಡಮಾಡಿ, ಒಂದು ಮುಖದ ಮೇಲೆ ಬೆರಳಿಡುತ್ತಾರೆ.

ಅದು ಬೋನಿಫೇಸ್‌ನ ಮುಖ.

ಬೋನಿಫೇಸ್ ಬಾಯಿ ತೆರೆಯುತ್ತಾನೆ. ಬಾನಾ ಚಿಶ ಕೈ ಎತ್ತಿ ತಡೆಯುತ್ತಾರೆ, ಫೋಟೊದಲ್ಲಿ ಇರುವವರು ಮಾತಾಡುವಂತಿಲ್ಲ. ಪಕ್ಕದಲ್ಲಿ ಕೂರಲು ತಾಯಿಗೆ ಮೆಲ್ಲಗೆ ಹೇಳಿ, ಫೋಟೊ ತಿರುಗಿಸಿ ಮತ್ತೆ ಇಟ್ಟು, ಜೇರೆಯನ್ನು ಕರೆಯುತ್ತಾರೆ. ಅವನು ಬಂದು ನೋಡುತ್ತಾನೆ, ಕಣ್ಣೊರೆಸಿಕೊಳ್ಳುತ್ತಾನೆ, ಮತ್ತೆ ನೋಡುತ್ತಾನೆ. ಕೆಡ್ರಿಕ್ ಮೇಲೆ ಬೆರಳಿಡುತ್ತಾನೆ. ಈ ಸಲ ಒಂದು ಮಾತೂ ಆಡುವುದಿಲ್ಲ.

"ಎರಡು ಬೆರಳು ಕೂಡಲಿಲ್ಲ" ಎನ್ನುತ್ತಾರೆ ಬಾನಾ ಚಿಶ. ಹಾಗೆ ಹೇಳುವುದೇ ಅವರ ಕೆಲಸ.

ಮುದುಕಿಗೆ ಅರ್ಥವಾಗಲು ಒಂದು ಗಳಿಗೆ ಹಿಡಿಯುತ್ತದೆ. ತನ್ನ ಬೆರಳನ್ನೇ ಕಣ್ಣಿನ ಹತ್ತಿರ ತಂದು ನೋಡಿಕೊಳ್ಳುತ್ತಾರೆ.

"ನಾನೇ ಹೆತ್ತಿದ್ದು" ಎನ್ನುತ್ತಾರೆ ಕೊನೆಗೆ. "ನನಗೇ ಹೀಗಾಯ್ತು. ಅವತ್ತು ನಿನಗೂ ಹೀಗೇ ಆಯ್ತಾ, ಬಾನಾ ಚಿಶ?"

"ಹೀಗೇ ಅಮ್ಮ."

ಬಾನಾ ಚಿಶ ಕಿಟಕಿ ಬಿಟ್ಟು, ಒಳಗಿನಿಂದ ಸುತ್ತಿಕೊಂಡು ಗಲ್ಲಿಗೆ ಬರುತ್ತಾರೆ. ಈ ಕೆಲಸಕ್ಕೆ ಸೇರಿದ ಹದಿನೇಳು ವರ್ಷದಲ್ಲಿ ಹತ್ತು ಗಂಟೆಗೆ ಮುಂಚೆ ಅವರು ಕಿಟಕಿ ಬಿಟ್ಟದ್ದು ಇದೇ ಮೊದಲು ಎಂದು ಕಾವಲುಗಾರ ಆಮೇಲೆ ನನಗೆ ಹೇಳಿದ. ಮುದುಕಿಯ ಪಕ್ಕ ನೆಲದ ಮೇಲೆ ಕೂತು, ಆ ಕೈಯನ್ನು ತಮ್ಮ ಕೈಯಲ್ಲಿ ಹಿಡಿದುಕೊಳ್ಳುತ್ತಾರೆ, ಇಬ್ಬರೂ ಅಳುತ್ತಾರೆ. ನಾನೂ ಗೋಡೆ ಕಡೆ ತಿರುಗಿಕೊಂಡೆ, ಸುಳ್ಳು ಹೇಳುವುದೇಕೆ. ಅಳು ನಿಂತಮೇಲೆ ಬಾನಾ ಚಿಶ ತಾಯಿಯ ಕೈಯನ್ನು ಮಗನ ಮುಖಕ್ಕೆ ಮುಟ್ಟಿಸುತ್ತಾರೆ, ಬೋನಿಫೇಸ್‌ನ ಜೀವಂತ ಮುಖಕ್ಕೆ. ಆಮೇಲೆ ಫೋಟೊ ತಂದು, ಎಡಗಡೆ ನಿಂತ ಕೆಡ್ರಿಕ್‌ನ ಗಲ್ಲದ ಗುಳಿ, ದಪ್ಪ ಹುಬ್ಬು ಎಲ್ಲ ಒಂದೊಂದೇ ಹೇಳುತ್ತಾರೆ. ತಾಯಿ ಬಾಗಿ ಬಾಗಿ ನೋಡಿ, ಈ ಸಲ ಬೆರಳನ್ನು ಸರಿಯಾಗಿ ಇಡುತ್ತಾರೆ. ಜೇರೆಯ ಬೆರಳಿನ ಗುರುತು ಅಲ್ಲೇ ಮಂಜಾಗಿ ಉಳಿದಿತ್ತು.

ಅಲ್ಲಿಯವರೆಗೆ ಬಾಯಿಗೆ ಬೀಗ ಹಾಕಿಕೊಂಡಿದ್ದ ಜೇರೆಗೆ ಆಗ ತಡೆಯುವುದಿಲ್ಲ. ಇಷ್ಟು ವರ್ಷ ಅಂಗೋನಿಗಳ ತಪ್ಪು ಅಂದ್ರಲ್ಲ, ಕೋತಿ ತಿಂದು ತಿಂದು ನಿಮ್ಮ ಕಣ್ಣೇ ಮಂಜಾಗಿದೆ ಅಜ್ಜಿ, ಎಂದುಬಿಡುತ್ತಾನೆ. ಒಂದು ಗಳಿಗೆ ನನಗೆ ಭಯವಾಯಿತು. ಮುದುಕಿ ಅವನ ಧ್ವನಿ ಬಂದ ಕಡೆ ತಿರುಗಿ, ನಿನ್ನ ಇಲಿಗಳನ್ನು ಮೊದಲು ಎಣಿಸಿಕೋ, ಎನ್ನುತ್ತಾರೆ. ಬಾನಾ ಚಿಶ ನಗುತ್ತಾರೆ. ಅಂಗೋನಿಯ ಗೇಲಿಗೆ ಆ ಕಾವೊಂಡೆ ಹೆಂಗಸು ನಕ್ಕದ್ದನ್ನು ಕಂಡು ಜೇರೆ ಟೊಪ್ಪಿಯಲ್ಲಿ ಮುಖ ಮುಚ್ಚಿಕೊಳ್ಳುತ್ತಾನೆ. ಕಚೇರಿಯ ಮೆಟ್ಟಿಲ ಮೇಲೆ ನಾಲ್ವರನ್ನೂ ಕೂರಿಸಿ ನಾನು ಒಂದು ಫೋಟೊ ತೆಗೆದೆ.

ನೆನಪಿನ ಪ್ರಕಟಣೆಗಳು ಬರುವುದು ಶನಿವಾರ, ಅವತ್ತು ಕಿಟಕಿಗೆ ರಜೆ. ಬೆಳಗ್ಗೆ ಪತ್ರಿಕೆ ಕಟ್ಟು ಇಳಿದ ಕೂಡಲೇ ಬಾನಾ ಚಿಶ ಒಂದು ಪ್ರತಿ ಕೊಂಡು, ಕಂಕುಳಲ್ಲಿಟ್ಟುಕೊಂಡು ಚಾಂಬೋಲಿಗೆ ನಡೆಯುತ್ತಾರೆ. ಹಿಂದೆ ನಾನು. ಕಪ್ಪು ಗುಡ್ಡದ ಹಿಂದಿನಿಂದ ಸೂರ್ಯ ಮೇಲೆ ಬರುತ್ತಿದ್ದಾನೆ. ಅಂಗಳದಲ್ಲಿ ಚಾಪೆ ಹಾಸಿ ಆಗಿದೆ, ಅಕ್ಕಪಕ್ಕದವರೂ ಬಂದು ನಿಂತಿದ್ದಾರೆ. ಬಾನಾ ಕೆಡ್ರಿಕ್ ಬಿಸಿಲಿಗೆ ಮುಖ ಮಾಡಿ ಕೂತು, ಪುಟವನ್ನು ಕಣ್ಣಿಗೆ ಒತ್ತಿಕೊಂಡಂತೆ ಹಿಡಿದು ನೋಡುತ್ತಾರೆ. ಸುತ್ತ ಮುಖಗಳು ಬಹಳ ಇವೆ. ಯಾರೂ ತೋರಿಸಿಕೊಡುವುದಿಲ್ಲ. ಬಹಳ ಹೊತ್ತಿನ ಮೇಲೆ ಅವರ ಬೆರಳು ಪುಟದ ನಡುವೆ ಒಂದೆಡೆ ನಿಲ್ಲುತ್ತದೆ.

"ಇವನೇ" ಎನ್ನುತ್ತಾರೆ.

ಬೋನಿಫೇಸ್ ಬಾಗಿ ನೋಡಿ ತಲೆಯಾಡಿಸುತ್ತಾನೆ. ಒಳಗಿನಿಂದ ಬಿಸಿ ನ್ಶೀಮಾ ಮುದ್ದೆ, ಒಣಮೀನು ಬರುತ್ತದೆ. ಪೇಪರಿನವಳನ್ನು ಅವತ್ತು ಮನೆಯೊಳಗೆ ಕೂರಿಸಿ ಊಟ ಹಾಕುತ್ತಾರೆ.

ವಾಪಸ್ಸು ಬರುವ ದಾರಿಯಲ್ಲಿ ನಾನು ಅವರಿಗೆ ಈ ಲೇಖನದ ವಿಷಯ ಹೇಳುತ್ತೇನೆ. ಹೆಸರು ಹಾಕುವುದಕ್ಕೆ ಅವರ ತಕರಾರಿಲ್ಲ, ಹಾಕದಿದ್ದರೂ ಬೇಸರವಿಲ್ಲ. ಮುಖ ಬೇಡವೇ ಎಂದು ಕೇಳುತ್ತೇನೆ. ಊರಿನ ಅಷ್ಟೂ ಮುಖಗಳನ್ನು ಪುಟಕ್ಕೆ ಕಳಿಸಿದವರ ಮುಖ ಒಮ್ಮೆ, ಬದುಕಿದ್ದಾಗಲೇ, ಮುಂದಿನ ಪುಟದಲ್ಲಿ ಬರಲಿ ಎಂದು ನನ್ನ ಆಸೆ. ನನ್ನ ಬಳಿ ಇರುವುದು ಮೆಟ್ಟಿಲ ಮೇಲೆ ತೆಗೆದ ನಾಲ್ವರ ಫೋಟೊ. ಅದರಿಂದ ಅವರೊಬ್ಬರನ್ನೇ ಬಿಡಿಸಿ ತೆಗೆಯುತ್ತೇವೆ ಎನ್ನುತ್ತೇನೆ. ಅವರು ನಿಂತು, ಗಂಡನ ಕೋಟಿನ ಗುಂಡಿ ಹಾಕಿಕೊಂಡು ಯೋಚಿಸುತ್ತಾರೆ.

"ಹಾಕಿ. ಆದ್ರೆ ಎರಡು ಬೆರಳು ಇಡಿಸಿ" ಎನ್ನುತ್ತಾರೆ. "ಫೋಟೊದಲ್ಲಿ ಇದ್ರೂ ಒಂದು ಜೇರೆ ಅವರದು ಇರಲಿ. ಬೇಕಂತಲೇ ಬೇರೆಯವರನ್ನ ತೋರಿಸ್ತಾರೆ, ತೋರಿಸ್ಲಿ. ಇನ್ನೊಂದು ನೀವು ಸರಿಯಾಗಿ ಇಡಿ."